ಅಮೆರಿಕದ ನೌಕಾಪಡೆಗೆ ಸಮವಸ್ತ್ರವಿಲ್ಲದ ಮುಖ್ಯಸ್ಥರು ಏಕೆ?

ಅಮೆರಿಕದ ನೌಕಾಪಡೆಯಲ್ಲಿ ಅಷ್ಟೊಂದು ಅಡ್ಮಿರಲ್‌ಗಳಿರುವಾಗ ಅವರ ಮೇಲೆ ನಾಗರಿಕರಾದ ‘ಕಾರ್ಯದರ್ಶಿ’ಯೊಬ್ಬರು ಏಕಿರಬೇಕು, ಯುದ್ಧ ಬಂದರೆ ಹಡಗುಗಳಿಗೆ ಆಜ್ಞೆ ಕೊಡುವವರು ಅವರೇ ಏನು ಎಂದು ತಾವು ಕೇಳಿದ್ದೀರಿ. ನೌಕಾಪಡೆಗಳ ಇತಿಹಾಸವನ್ನು ಬಹುಕಾಲದಿಂದ ಓದಿಕೊಂಡು ಬಂದವನಾಗಿ ನನಗೆ ತಿಳಿದದ್ದನ್ನು ಹೇಳುತ್ತೇನೆ.

ಮೊದಲು ಹೆಸರಿನಿಂದಾಗುವ ಗೊಂದಲವನ್ನು ಬಿಡಿಸಿಕೊಳ್ಳಬೇಕು. ಕಾರ್ಯದರ್ಶಿ ಎಂದೊಡನೆ ನಮಗೆ ಸಚಿವರ ಕೈಕೆಳಗಿನ ಐಎಎಸ್ ಅಧಿಕಾರಿ ನೆನಪಾಗುತ್ತಾರೆ. ಅಮೆರಿಕದ ಈ ಹುದ್ದೆ ಹಾಗಲ್ಲ; ಅಧ್ಯಕ್ಷರು ಹೆಸರಿಸಿ ಸೆನೆಟ್ ಒಪ್ಪಿದ ಮೇಲೆ ಬರುವ ರಾಜಕೀಯ ನೇಮಕ ಅದು. 1798ರವರೆಗೆ ಯುದ್ಧ ಇಲಾಖೆಯೇ ನೋಡಿಕೊಳ್ಳುತ್ತಿದ್ದ ನೌಕಾಪಡೆಗೆ ಆ ವರ್ಷ ಪ್ರತ್ಯೇಕ ಇಲಾಖೆಯಾಯಿತು. ಅದರ ಮೊದಲ ಕಾರ್ಯದರ್ಶಿಯಾದ ಬೆಂಜಮಿನ್ ಸ್ಟಾಡರ್ಟ್ ಜಾರ್ಜ್‌ಟೌನ್‌ನ ಒಬ್ಬ ವ್ಯಾಪಾರಿ. ಒಂದೂವರೆ ಶತಮಾನ ಕಾಲ ಸಂಪುಟದಲ್ಲೇ ಸ್ಥಾನವಿದ್ದ ಈ ಹುದ್ದೆಯು 1947ರ ಕಾಯ್ದೆಯ ನಂತರ ರಕ್ಷಣಾ ಕಾರ್ಯದರ್ಶಿಯ ಅಧೀನಕ್ಕೆ ಬಂದಿತು.

ತಮ್ಮ ಎರಡನೆಯ ಪ್ರಶ್ನೆಗೆ ಉತ್ತರ ‘ಇಲ್ಲ’. 1986ರ ಗೋಲ್ಡ್‌ವಾಟರ್–ನಿಕೋಲ್ಸ್ ಕಾಯ್ದೆಯ ಪ್ರಕಾರ ಯುದ್ಧದ ಆಜ್ಞೆಯು ಅಧ್ಯಕ್ಷರಿಂದ ರಕ್ಷಣಾ ಕಾರ್ಯದರ್ಶಿಗೆ, ಅವರಿಂದ ನೇರವಾಗಿ ಆಯಾ ಭೂಭಾಗದ ಜಂಟಿ ದಳಪತಿಗಳಿಗೆ ಹೋಗುತ್ತದೆ. ನೌಕಾಪಡೆ ಕಾರ್ಯದರ್ಶಿಯಾಗಲಿ, ಅತ್ಯುನ್ನತ ನೌಕಾ ಅಧಿಕಾರಿಯಾಗಲಿ ಈ ಸರಪಳಿಯಲ್ಲಿಲ್ಲ. ಹಾಗಾದರೆ ಉಳಿದದ್ದೇನು ಎಂದರೆ, ಪಡೆಯೊಂದು ಇರುವಂತೆ ಮಾಡುವ ಕೆಲಸವೆಲ್ಲವೂ ಉಳಿಯಿತು. ನೌಕಾಪಡೆ ಮತ್ತು ಮರೀನ್ ಕೋರ್ (ಸಮುದ್ರದಿಂದ ದಡಕ್ಕಿಳಿದು ಕಾದಾಡುವ ಪಡೆ) ಎರಡಕ್ಕೂ ಜನರನ್ನು ಸೇರಿಸಿಕೊಳ್ಳುವುದು, ತರಬೇತಿ ಕೊಡಿಸುವುದು, ಹಡಗುಗಳನ್ನು ಕಟ್ಟಿಸುವುದು, ದುರಸ್ತಿ ಮಾಡಿಸುವುದು, ಅವುಗಳಿಗೆ ಹೆಸರಿಡುವುದು, ಇಷ್ಟಕ್ಕೂ ಬೇಕಾದ ಹಣಕ್ಕಾಗಿ ಅಮೆರಿಕದ ಸಂಸತ್ತಾದ ಕಾಂಗ್ರೆಸ್ಸಿನ ಸಮಿತಿಗಳ ಮುಂದೆ ಕುಳಿತು ಉತ್ತರ ಕೊಡುವುದು ಅವರ ಹೊಣೆ. ವಿಮಾನವಾಹಕ ನೌಕೆಯೊಂದು ಸುಮಾರು 50 ವರ್ಷ ಸೇವೆಯಲ್ಲಿರುವುದರಿಂದ, ನಾಲ್ಕು ವರ್ಷ ಕುರ್ಚಿಯಲ್ಲಿದ್ದು ಹೋಗುವ ಕಾರ್ಯದರ್ಶಿಯ ಒಂದು ತೀರ್ಮಾನವನ್ನು ಮುಂದಿನ ಎರಡು ತಲೆಮಾರುಗಳ ನಾವಿಕರು ಅನುಭವಿಸುತ್ತಾರೆ. 1980ರ ದಶಕದಲ್ಲಿ ಕಾರ್ಯದರ್ಶಿಯಾಗಿದ್ದ ಜಾನ್ ಲೇಮನ್ 600 ಹಡಗುಗಳ ಪಡೆ ಬೇಕೆಂದು ಹಟ ಹಿಡಿದು, ಸಂಖ್ಯೆಯನ್ನು ಹೆಚ್ಚು ಕಡಿಮೆ ಅಲ್ಲಿಗೇ ಮುಟ್ಟಿಸಿದ್ದರು.

ಈ ಅಧಿಕಾರ ಹಡಗಿನ ಊಟದ ಮೇಜಿನವರೆಗೂ ಚಾಚಿದ್ದನ್ನು ಕಾರ್ಯದರ್ಶಿ ಜೋಸೆಫಸ್ ಡೇನಿಯಲ್ಸ್ ಅವರ ಕಾಲದಲ್ಲಿ ನೋಡಬಹುದು. ಅವರು ಉತ್ತರ ಕೆರೊಲಿನಾದ ಪತ್ರಿಕಾ ಸಂಪಾದಕರು. ಸಾಮಾನ್ಯ ನಾವಿಕರ ಮದ್ಯದ ಪಡಿ 1862ರಲ್ಲೇ ನಿಂತಿದ್ದರೂ ಅಧಿಕಾರಿಗಳ ಭೋಜನ ಕೋಣೆಯಲ್ಲಿ ಮಾತ್ರ ವೈನ್ ಉಳಿದುಕೊಂಡಿತ್ತು. 1914ರ ಜುಲೈ 1ರಿಂದ ಅದೂ ಕೂಡದೆಂದು ಡೇನಿಯಲ್ಸ್ ಆದೇಶ ಹೊರಡಿಸಿದಾಗ ಹಲವು ಅಧಿಕಾರಿಗಳಿಗೆ ಅದು ಹಿಡಿಸಲಿಲ್ಲ, ಆದರೂ ಪಾಲಿಸಿದರು. ಸಮುದ್ರವನ್ನೇ ವೃತ್ತಿಯಾಗಿ ಕಾಣದ ಒಬ್ಬ ನಾಗರಿಕನ ಒಂದು ಸಹಿಗೆ ಅಷ್ಟೂ ಸಮರನೌಕೆಗಳು ತಲೆಬಾಗಿದ್ದು ನನ್ನ ಮಟ್ಟಿಗೆ ಪ್ರಜಾಪ್ರಭುತ್ವದ ಬಹು ದೊಡ್ಡ ಸಾಧನೆ.

ಆದರೆ ನಾಗರಿಕ ಮುಖ್ಯಸ್ಥರು ತಮ್ಮ ಮಿತಿಯನ್ನು ಮರೆತರೆ ಅದರ ಪೆಟ್ಟು ಕೆಳಗಿನವರೆಗೂ ಮುಟ್ಟುತ್ತದೆ. 2020ರ ಮಾರ್ಚ್‌ನಲ್ಲಿ ‘ಥಿಯೊಡೋರ್ ರೂಸ್‌ವೆಲ್ಟ್’ ವಿಮಾನವಾಹಕ ನೌಕೆಯಲ್ಲಿ ಕೊರೊನಾ ಹರಡುತ್ತಿದ್ದಾಗ, ನಾವಿಕರನ್ನು ಬೇಗ ದಡಕ್ಕಿಳಿಸಬೇಕೆಂದು ಕ್ಯಾಪ್ಟನ್ ಬ್ರೆಟ್ ಕ್ರೋಜಿಯರ್ ಬರೆದ ಪತ್ರ ಪತ್ರಿಕೆಗೆ ಸೋರಿತು. ಹಂಗಾಮಿ ಕಾರ್ಯದರ್ಶಿಯಾಗಿದ್ದ ಥಾಮಸ್ ಮಾಡ್ಲಿ ಕೆಲವೇ ದಿನಗಳಲ್ಲಿ ಅವರನ್ನು ಹುದ್ದೆಯಿಂದ ಇಳಿಸಿದರು. ಅಷ್ಟಕ್ಕೆ ನಿಲ್ಲದೆ ಹಡಗು ನಿಂತಿದ್ದ ಗುವಾಮ್ ದ್ವೀಪಕ್ಕೆ ಹಾರಿ, ಹಡಗಿನ ಧ್ವನಿವರ್ಧಕದಲ್ಲಿ ಇಡೀ ಸಿಬ್ಬಂದಿಗೆ ಕೇಳುವಂತೆ ಆ ಕ್ಯಾಪ್ಟನ್ನರನ್ನು ಹೀನಾಯವಾಗಿ ನಿಂದಿಸಿದರು. ಮಾರನೆಯ ದಿನ, ಏಪ್ರಿಲ್ 7ರಂದು, ಅವರೇ ರಾಜೀನಾಮೆ ಕೊಡಬೇಕಾಯಿತು. ಆ ಹಡಗಿನಲ್ಲಿ ಸಾವಿರಕ್ಕೂ ಹೆಚ್ಚು ಮಂದಿಗೆ ಸೋಂಕು ತಗುಲಿ, ಒಬ್ಬ ನಾವಿಕ ತೀರಿಕೊಂಡರು. ಮುಂದಿನ ತನಿಖೆ ಕ್ಯಾಪ್ಟನ್ನರಲ್ಲೂ ತಪ್ಪುಗಳನ್ನು ಕಂಡಿತೆಂಬುದನ್ನು ಹೇಳಲೇಬೇಕು. ಆದರೂ ತೆಗೆದುಹಾಕುವ ಅಧಿಕಾರವಿದ್ದವರಿಗೆ, ರೋಗದ ಭಯದಲ್ಲಿದ್ದ ಆ ಎಳೆಯರ ಎದುರು ಅವರ ನಾಯಕನನ್ನು ಹೀಯಾಳಿಸುವ ಹಕ್ಕಿತ್ತೆಂದು ನಾನು ಒಪ್ಪಲಾರೆ.

ನಮ್ಮ ದೇಶದಲ್ಲಿ ನೌಕಾಪಡೆಗೇ ಮೀಸಲಾದ ಇಂಥ ಹುದ್ದೆಯಿಲ್ಲ. ಮೂರೂ ಪಡೆಗಳಿಗೆ ರಕ್ಷಣಾ ಸಚಿವರೊಬ್ಬರೇ ಸಂಸತ್ತಿನಲ್ಲಿ ಉತ್ತರ ಕೊಡುತ್ತಾರೆ. ಅಮೆರಿಕದಲ್ಲಿರುವಂತಲ್ಲದೆ ನಮ್ಮ ನೌಕಾಪಡೆಯ ಮುಖ್ಯಸ್ಥರು ಪಡೆಯನ್ನು ತಾವೇ ಮುನ್ನಡೆಸುತ್ತಾರೆ, ಹಾಗಾಗಿ ಸಚಿವರಿಗೂ ಅವರಿಗೂ ನಡುವೆ ಭಿನ್ನಾಭಿಪ್ರಾಯ ಬಂದರೆ ಅದು ಇನ್ನೂ ತೀಕ್ಷ್ಣವಾಗುತ್ತದೆ. ಉಪಮುಖ್ಯಸ್ಥರೊಬ್ಬರ ನೇಮಕದ ಬಗ್ಗೆ ಸರ್ಕಾರದ ಆದೇಶವನ್ನು ಜಾರಿಗೊಳಿಸಲು ಅಡ್ಮಿರಲ್ ವಿಷ್ಣು ಭಾಗವತ್ ಒಪ್ಪದಿದ್ದಾಗ, 1998ರ ಡಿಸೆಂಬರ್ 30ರಂದು ಅವರನ್ನು ವಜಾ ಮಾಡಲಾಯಿತು. ಆಗ ರಕ್ಷಣಾ ಸಚಿವರಾಗಿದ್ದವರು ಮಂಗಳೂರಿನಲ್ಲಿ ಹುಟ್ಟಿದ ಜಾರ್ಜ್ ಫರ್ನಾಂಡಿಸ್. ಆ ನಿರ್ಧಾರ ಸರಿಯೋ ತಪ್ಪೋ ಎಂಬ ವಾದ ಸಂಸತ್ತಿನಲ್ಲೂ ಪತ್ರಿಕೆಗಳಲ್ಲೂ ತಿಂಗಳುಗಟ್ಟಲೆ ನಡೆಯಿತು. ನೌಕಾಪಡೆ ಮಾತ್ರ ಹೊಸ ಮುಖ್ಯಸ್ಥರಾದ ಸುಶೀಲ್ ಕುಮಾರ್ ಅವರ ಕೈಕೆಳಗೆ ತನ್ನ ಕೆಲಸ ಮುಂದುವರಿಸಿತು.