ಸುಗಂಧರಾಜದ ಬುಡ ಕಿಕ್ಕಿರಿದಿದೆ, ಹೂವಿಲ್ಲ

ಪ್ರಶ್ನೆ: 4 ವರ್ಷದ ಹಿಂದೆ 20 ಸುಗಂಧರಾಜದ ಗೆಡ್ಡೆ ನೆಟ್ಟಿದ್ದೆ. ಈಗ ಮಡಿ ತುಂಬ ಹುಲ್ಲಿನಂತೆ ಎಲೆ. ಹೂದಂಡು ಅಪರೂಪ, ಬಂದರೂ ಗಿಡ್ಡ. ಗೊಬ್ಬರ ಹಾಕಿದರೆ ಎಲೆಯೇ ಹೆಚ್ಚುತ್ತದೆ. ಗೆಡ್ಡೆ ಕಿತ್ತು ಬೇರೆ ನೆಡಬಹುದೇ? ಯಾವಾಗ, ಹೇಗೆ?
– ಓದುಗರೊಬ್ಬರು, ತುಮಕೂರು

ಉತ್ತರ: ಕೀಳಲೇಬೇಕು. ಇದು ಗೊಬ್ಬರದಿಂದ ಸರಿಹೋಗುವ ತೊಂದರೆಯಲ್ಲ. ಸುಗಂಧರಾಜದ ಒಂದು ಗೆಡ್ಡೆ ಹೂ ಬಿಡುವುದು ಒಂದೇ ಸಲ. ಆಮೇಲೆ ಸುತ್ತ ಮರಿ ಹಾಕಿ ತಾನು ಬತ್ತುತ್ತದೆ. ಒಂದು ಬುಡ ಅಗೆದು ನೋಡಿ: ನಡುವೆ ಒಣಗಿದ ದಂಡಿನ ಮೋಟು, ಕೆಳಗೆ ಕಂದು ಸಿಪ್ಪೆಯ ಸುಕ್ಕುಗೆಡ್ಡೆ, ಅದಕ್ಕಂಟಿಕೊಂಡು ಕಡಲೆಕಾಳಿನಿಂದ ಸಾಂಬಾರ್ ಈರುಳ್ಳಿ ಗಾತ್ರದವರೆಗಿನ ಮರಿಗಳ ಗೊಂಚಲು. ಒತ್ತಿಕೊಂಡು ಬೆಳೆದಿದ್ದರಿಂದ ಹೆಚ್ಚಿನವು ಹೂ ಬಿಡುವಷ್ಟು ದಪ್ಪವಾಗಿಲ್ಲ. ಬೆಳೆಗಾರರು ಮೂರು ವರ್ಷಕ್ಕೇ ಗೆಡ್ಡೆ ಕಿತ್ತು ಹೊಸದಾಗಿ ನೆಡುವುದು ಇದಕ್ಕೇ.

ಜನವರಿಯಲ್ಲಿ ಎಲೆ ಹಳದಿಯಾಗುತ್ತಿದ್ದಂತೆ ನೀರು ನಿಲ್ಲಿಸಿ. ಎರಡು ಮೂರು ವಾರ ಬಿಟ್ಟು, ಬುಡದಿಂದ ಒಂದು ಗೇಣು ದೂರದಲ್ಲಿ ಹಾರೆ ಹಾಕಿ ಇಡೀ ಗುಂಪನ್ನೇ ಮೀಟಿ. ಮಣ್ಣು ಉದುರಿಸಿ ಕೈಯಲ್ಲೇ ಮುರಿದು ಬಿಡಿಸಿ. ಚಾಕು ಬೇಡ, ಕೊಯ್ದ ಗಾಯದಿಂದಲೇ ಕೊಳೆ ಶುರುವಾಗುತ್ತದೆ. ಮೆತ್ತಗಾದವು, ಸುಕ್ಕಾದವು ಹೊರಗೆ. ಉಳಿದದ್ದನ್ನು ನೆರಳಲ್ಲಿ ಒಂದೇ ಪದರವಾಗಿ ಹರಡಿ, ನಾಲ್ಕೈದು ವಾರ ಆಗಾಗ ತಿರುವಿಹಾಕಿ. ಕಿತ್ತ ದಿನವೇ ನೆಟ್ಟರೆ ಮೊಳಕೆ ಏಳುಬೀಳಾಗುತ್ತದೆ.

ನೆಡುವಾಗ ಗಾತ್ರ ನೋಡುವುದೇ ಮುಖ್ಯ. 2–3 ಸೆಂ.ಮೀ. ಅಡ್ಡಳತೆಯವು ಈ ವರ್ಷವೇ ಹೂ ಕೊಡುತ್ತವೆ. ಅವನ್ನು 25 ಸೆಂ.ಮೀ. ಅಂತರದಲ್ಲಿ, 5 ಸೆಂ.ಮೀ. ಆಳದಲ್ಲಿ, ಮೂತಿ ಮೇಲಾಗಿ ಊರಿ. ಸಣ್ಣವನ್ನು ಬಿಸಾಡಬೇಡಿ, ಬೇರೆ ಮಡಿಯಲ್ಲಿ ಒಂದು ವರ್ಷ ದಪ್ಪವಾಗಲು ಬಿಡಿ. ಎರಡನ್ನೂ ಬೆರೆಸಿ ನೆಟ್ಟರೆ ಮತ್ತೆ ಇದೇ ದೂರು! ಮಡಿಗೆ ಚದರ ಮೀಟರಿಗೆ 3 ಕಿಲೋ ಕಳಿತ ಕೊಟ್ಟಿಗೆ ಗೊಬ್ಬರ, 200 ಗ್ರಾಂ ಬೇವಿನ ಹಿಂಡಿ ಸಾಕು. ನೆಟ್ಟ ದಿನ ನೀರು ಕೊಟ್ಟು, ಮೊಳಕೆ ಕಾಣುವವರೆಗೆ ಬರೀ ತೇವ ಇರಲಿ. ನೀರು ನಿಂತರೆ ಗೆಡ್ಡೆ ಕೊಳೆಯುತ್ತದೆ. ಮೂರೂವರೆ ನಾಲ್ಕು ತಿಂಗಳಲ್ಲಿ ದಂಡು ನಿರೀಕ್ಷಿಸಿ.

ಕೀಳುವಾಗ ಬೇರುಗಳನ್ನೂ ಗಮನಿಸಿ. ಮಣಿ ಪೋಣಿಸಿದಂತೆ ಗಂಟುಗಳಿದ್ದರೆ ಅದು ಬೇರುಗಂಟಿನ ಜಂತುಹುಳು. ಆ ಗುಂಪನ್ನು ತಿಪ್ಪೆಗೂ ಹಾಕದೆ ಸುಟ್ಟುಬಿಡಿ. ಆ ಮಡಿಯಲ್ಲಿ ಒಂದು ಹಂಗಾಮು ಚೆಂಡುಹೂ ಬೆಳೆಯಿರಿ. ಟೊಮೆಟೊ, ಬದನೆ ಬೇಡ, ಅವೂ ಈ ಹುಳುವಿನ ಮನೆಯೇ. ಹೊಸ ಗೆಡ್ಡೆ ತರುವುದಾದರೆ ಹೆಸರಘಟ್ಟದ ಭಾರತೀಯ ತೋಟಗಾರಿಕಾ ಸಂಶೋಧನಾ ಸಂಸ್ಥೆಯ ‘ಶೃಂಗಾರ್’ ತಳಿ ಕೇಳಿ, ಈ ಹುಳುವನ್ನು ಅದು ತಡೆದುಕೊಳ್ಳುತ್ತದೆ.