ಟಿಬಿ ಗುಣವಾಗಿದೆ. ಜಾಗೃತಿ ಪೋಸ್ಟರ್‌ಗೆ ಫೋಟೋ, ಕಥೆ ಕೇಳುತ್ತಿದ್ದಾರೆ. ಕೊಡದಿದ್ದರೆ ಸ್ವಾರ್ಥ ಆಗುತ್ತದಾ?

ಸ್ವಾರ್ಥ ಅಂತೆ! ಆರು ತಿಂಗಳು ಮಾತ್ರೆ ತಪ್ಪಿಸದೆ ನುಂಗಿದ್ದೀರಿ, ನಿಮ್ಮಿಂದ ಇನ್ನೊಬ್ಬರಿಗೆ ಹರಡುವುದು ನಿಂತಿತು. ಸಮಾಜದ ಸಾಲ ಅಲ್ಲಿಗೇ ತೀರಿತು.

ನನಗೂ 2016ರಲ್ಲಿ ಹೀಗೇ ಫೋನ್ ಬಂದಿತ್ತು. ಮಾರ್ಚ್ 24, ವಿಶ್ವ ಕ್ಷಯರೋಗ ದಿನ, ಹತ್ತಿರ ಬಂದರೆ ಎಲ್ಲರಿಗೂ ನಮ್ಮ ನೆನಪಾಗುತ್ತದೆ. ಆಗ ಮುಂಬೈನ ಮಾಟುಂಗಾದಲ್ಲಿ ಒಂದು ಹೋಟೆಲಿನ ಗಲ್ಲಾದಲ್ಲಿ ಕೂರುತ್ತಿದ್ದೆ. ಕಫದ ಪರೀಕ್ಷೆ ನೆಗೆಟಿವ್ ಬಂದು, ಊರಿಗೆ ಹೋಗಿ ಕೋರಿ ರೊಟ್ಟಿ ತಿಂದು ನಾಲ್ಕು ಕಿಲೋ ಏರಿಸಿಕೊಂಡು ಬಂದಿದ್ದೆ.

ಒಂದು ಸಂಸ್ಥೆಯ ಹುಡುಗ ಬಂದು ಗಂಟೆಗಟ್ಟಲೆ ರೆಕಾರ್ಡ್ ಮಾಡಿದ. ಎಲ್ಲ ಹೇಳಿದೆ. ವಾರಕ್ಕೆ ಮೂರು ದಿನ ಟಿಬಿ ಮಾತ್ರೆ ಕೊಡುವ ಡಾಟ್ಸ್ ಕೇಂದ್ರಕ್ಕೆ ಹೋಗಿ ಸಿಸ್ಟರ್ ಎದುರೇ ನುಂಗಬೇಕಿತ್ತು ಆಗ. ಮೊದಲ ದಿನವೇ ಮೂತ್ರ ಕೇಸರಿ ಬಣ್ಣ ಆಯಿತು. ರಕ್ತ ಅಂದುಕೊಂಡು ಇನ್ನು ಮಾತ್ರೆ ಬೇಡ ಅಂತ ಕೂತಿದ್ದೆ. ಸಿಸ್ಟರ್ ನಕ್ಕು, ರಿಫಾಂಪಿಸಿನ್ ಅನ್ನುವ ಟಿಬಿ ಔಷಧದ ಬಣ್ಣ ಅದು ಅಂದರು. ಈ ಮಾತು ಪೋಸ್ಟರ್‌ನಲ್ಲಿ ಬರಲಿ ಅಂತ ನನಗಿತ್ತು. ಬರಲಿಲ್ಲ. ನಾನು ಅತ್ತಿದ್ದು ಬಂತು.

ನನ್ನ ತಪ್ಪು ಕಥೆ ಹೇಳಿದ್ದಲ್ಲ. "ಕಾಯಿಲೆ ಇದ್ದಾಗಿನ ಫೋಟೋ ಇದೆಯಾ?" ಅಂದಾಗ ಹಿಂದೆಮುಂದೆ ನೋಡದೆ ವಾಟ್ಸಾಪ್ ಮಾಡಿದ್ದು. ಆಸ್ಪತ್ರೆ ಮಂಚ, ಎದ್ದು ಕಾಣುವ ಕುತ್ತಿಗೆ ಮೂಳೆ. ಜೊತೆಗೆ ಇಂಗ್ಲಿಷಿನ ಒಂದು ಕಾಗದಕ್ಕೆ ಸಹಿ. ಎಲ್ಲಿ, ಎಷ್ಟು ದಿನ, ಕೆಳಗೆ ಏನು ಬರೆಯುತ್ತೀರಿ ಅಂತ ಕೇಳಲೇ ಇಲ್ಲ. ಒಂದು ದಿನದ ಕಾರ್ಯಕ್ರಮ ಅಲ್ವಾ ಅಂದುಕೊಂಡೆ. ಮರುವರ್ಷ ಅದೇ ಫೋಟೋ ಸ್ಟೇಷನ್ ಹತ್ತಿರದ ಗೋಡೆಯ ಮೇಲಿತ್ತು. ಗುಣವಾಗಿದೆ ಅನ್ನುವ ಒಂದು ಪದ ಇರಲಿಲ್ಲ. ಒಂದೇ ಒಂದು ಪದ!

ದಿನಾ ಕೈಯೊಡ್ಡಿ ಚಿಲ್ಲರೆ ತೆಗೆದುಕೊಳ್ಳುತ್ತಿದ್ದ ಗಿರಾಕಿ, "ಸೋಂಪಿನ ತಟ್ಟೆ ಪಕ್ಕ ಇಡು" ಅಂದರು. ಟಿಬಿ ಹರಡುವುದು ಗಾಳಿಯಿಂದ, ನಾಣ್ಯದಿಂದಲ್ಲ. ಯಾರಿಗೆ ಹೇಳುವುದು? ಧಣಿ ಮೆಲ್ಲಗೆ, "ಸ್ವಲ್ಪ ದಿನ ಒಳಗೆ ಸ್ಟಾಕ್ ನೋಡಿಕೋ ಮಾರಾಯ" ಅಂದರು. ಆ ಸ್ವಲ್ಪ ದಿನ ಎರಡು ವರ್ಷ ಆಯಿತು.

ಅಮಿತಾಭ್ ಬಚ್ಚನ್ ಹೇಳಿಕೊಳ್ಳಲಿಲ್ವಾ ಅಂತ ನಿಮಗೂ ಹೇಳುತ್ತಾರೆ, ನೋಡಿ. 2000ದಲ್ಲಿ ತನಗೆ ಬೆನ್ನುಮೂಳೆಯ ಟಿಬಿ ಆಗಿತ್ತು ಅಂತ ಅವರು ಹೇಳಿದ್ದು ಒಳ್ಳೆಯದೇ. ಆದರೆ ಅವರನ್ನು ಯಾರೂ ಸ್ಟಾಕ್ ರೂಮಿಗೆ ಕಳಿಸುವುದಿಲ್ಲ.

ಹೇಳಲೇಬೇಕು ಅನ್ನಿಸಿದರೆ ಧ್ವನಿ ಕೊಡಿ, ಮುಖ ಬೇಡ. ಕಾಗದ ನಿಮಗೆ ಓದಲು ಬರುವ ಭಾಷೆಯಲ್ಲಿರಲಿ, ಕೊನೆಯ ತಾರೀಕು ಇರಲಿ. ಅಳುವುದನ್ನು ಬಿಟ್ಟು ಕೆಲಸಕ್ಕೆ ಬರುವುದನ್ನು ಹೇಳಿ. ಎರಡು ವಾರ ದಾಟಿದ ಕೆಮ್ಮಿಗೆ ಸರಕಾರಿ ಕೇಂದ್ರದಲ್ಲಿ ಕಫ ಪರೀಕ್ಷೆ ಪುಕ್ಕಟೆ. ಚಿಕಿತ್ಸೆಯಲ್ಲಿರುವ ಟಿಬಿ ರೋಗಿಗೆ ಊಟಕ್ಕೆ ಅಂತ ಸರಕಾರದಿಂದ ತಿಂಗಳಿಗೆ 500 ರೂಪಾಯಿ ಕೊಡುತ್ತಿದ್ದರು, 2024ರ ನವೆಂಬರ್‌ನಿಂದ ಅದು 1000.

ನಾನಂತೂ ಈಗ ಪೋಸ್ಟರ್ ಸಹವಾಸಕ್ಕೆ ಹೋಗುವುದಿಲ್ಲ. ಕಳೆದ ವರ್ಷ ನಮ್ಮಲ್ಲಿಗೆ ಬಂದ ಕುಂದಾಪುರದ ಹುಡುಗ ಕೆಮ್ಮುತ್ತಲೇ ಇದ್ದ. ಗ್ರೈಂಡರ್ ಪಕ್ಕ ಕೂರಿಸಿಕೊಂಡು ನನ್ನ ಕಥೆ ಹೇಳಿದೆ, ಮರುದಿನ ಪರೀಕ್ಷೆಗೆ ಕರೆದುಕೊಂಡು ಹೋದೆ. ಮಾತ್ರೆ ಶುರುವಾದ ದಿನ ಸಂಜೆ ಬಾತ್‌ರೂಮಿನಿಂದ ಓಡಿ ಬಂದ. "ಅಣ್ಣ, ಬಣ್ಣ ಬಂತು. ನೀವು ಹೇಳಿದ್ದೇ ಅಲ್ವಾ ಇದು?"