ವೈದ್ಯರೊಡನೆ: ಬೆನ್ನಿನ ಲಿಗಮೆಂಟ್ ದಪ್ಪಗಾದರೆ ಕಾಲು ಏಕೆ ಸೋಲುತ್ತದೆ?

ಪ್ರಶ್ನೆ: ನಮ್ಮ ತಾಯಿಯವರಿಗೆ 68 ವರ್ಷ. ಈಚೆಗೆ ಸ್ವಲ್ಪ ದೂರ ನಡೆದರೂ ಎರಡೂ ಕಾಲುಗಳು ಭಾರವಾಗಿ ಜೋಮು ಹಿಡಿಯುತ್ತವೆ. ಎಲ್ಲಾದರೂ ಕುಳಿತರೆ ಸರಿಹೋಗುತ್ತದೆ. ಎಂಆರ್‌ಐ ವರದಿಯಲ್ಲಿ ಎಲ್ 4–ಎಲ್ 5 ಮಟ್ಟದಲ್ಲಿ (ಸೊಂಟದ ನಾಲ್ಕನೇ ಮತ್ತು ಐದನೇ ಮೂಳೆಗಳ ನಡುವೆ) ಲಿಗಮೆಂಟಮ್ ಫ್ಲೇವಮ್ ದಪ್ಪಗಾಗಿದೆ, ನರನಾಳ ಕಿರಿದಾಗಿದೆ ಎಂದು ಬರೆದಿದ್ದಾರೆ. ಒಬ್ಬ ವೈದ್ಯರು ಆಪರೇಷನ್ ಬೇಕೆನ್ನುತ್ತಾರೆ, ಇನ್ನೊಬ್ಬರು ಕಾದು ನೋಡೋಣ ಎನ್ನುತ್ತಾರೆ. ಡಿಸ್ಕ್ ಜಾರಿ ನರ ಒತ್ತುವುದನ್ನು ಕೇಳಿದ್ದೇವೆ. ಲಿಗಮೆಂಟ್ ಹೇಗೆ ಒತ್ತುತ್ತದೆ? ನಾವೇನು ಮಾಡಬೇಕು?
— ಓದುಗರೊಬ್ಬರು, ದಾವಣಗೆರೆ

ಉತ್ತರ: ಬೆನ್ನುಮೂಳೆಗಳ ನಡುವೆ ನರಗಳು ಇಳಿದುಬರುವ ನಾಳದ ಮುಂಭಾಗದಲ್ಲಿ ಡಿಸ್ಕ್ ಎಂಬ ಮೆತ್ತೆ ಇದೆ, ಹಿಂಭಾಗದಲ್ಲಿ ಒಂದು ಮೂಳೆಯ ಕಮಾನನ್ನು ಅದರ ಕೆಳಗಿನ ಮೂಳೆಯ ಕಮಾನಿಗೆ ಜೋಡಿಸುವ ಹಳದಿ ಬಣ್ಣದ ಪಟ್ಟಿಯಿದೆ. ಅದೇ ಲಿಗಮೆಂಟಮ್ ಫ್ಲೇವಮ್. ಮೂಳೆಗಳನ್ನು ಜೋಡಿಸುವ ಇಂಥ ಪಟ್ಟಿಗಳೇ ಲಿಗಮೆಂಟುಗಳು. ದೇಹದ ಬಹುಪಾಲು ಲಿಗಮೆಂಟುಗಳು ಗಟ್ಟಿ ಕೊಲಾಜೆನ್ ಎಳೆಗಳಿಂದಾಗಿದ್ದರೆ, ಇದರಲ್ಲಿ ಸುಮಾರು ಶೇಕಡ 80ರಷ್ಟು ಎಲಾಸ್ಟಿನ್ ಎಂಬ ಹಿಗ್ಗಿ ಕುಗ್ಗುವ ಎಳೆಗಳೇ ಇರುತ್ತವೆ. ಆದ್ದರಿಂದ ನಾವು ಬಾಗಿದಾಗ ಅದು ಹಿಗ್ಗುತ್ತದೆ, ನೆಟ್ಟಗೆ ನಿಂತಾಗ ಮಡಿಕೆ ಬೀಳದೆ ಕುಗ್ಗಿ ನಾಳದ ಹೊರಗೇ ಉಳಿಯುತ್ತದೆ.

ವಯಸ್ಸಾದಂತೆ ಎಲಾಸ್ಟಿನ್ ಎಳೆಗಳು ಸವೆದು ತುಂಡಾಗುತ್ತವೆ, ಆ ಜಾಗವನ್ನು ಕೊಲಾಜೆನ್ ತುಂಬಿಕೊಳ್ಳುತ್ತದೆ. ಪಟ್ಟಿ ಗಟ್ಟಿಯಾಗಿ ದಪ್ಪಗಾಗುತ್ತದೆ. ಸೊಂಟದ ಭಾಗದಲ್ಲಿ ಸಾಮಾನ್ಯವಾಗಿ ಸುಮಾರು 3 ಮಿಲಿಮೀಟರ್ ಇರುವ ಇದು 4 ಮಿಲಿಮೀಟರ್ ದಾಟಿದರೆ ದಪ್ಪಗಾಗಿದೆ ಎಂದು ಬಹಳಷ್ಟು ವೈದ್ಯರು ಪರಿಗಣಿಸುತ್ತಾರೆ. ಅತಿ ಹೆಚ್ಚು ಚಲನೆ ಮತ್ತು ಭಾರ ಬೀಳುವ ಎಲ್ 4–ಎಲ್ 5 ಮಟ್ಟದಲ್ಲೇ ಇದು ಹೆಚ್ಚಾಗಿ ಕಾಣುತ್ತದೆ. ಇದರ ಜೊತೆಗೆ ಡಿಸ್ಕ್ ಒಣಗಿ ಎತ್ತರ ಕಳೆದುಕೊಂಡರೆ ಎರಡು ಮೂಳೆಗಳು ಹತ್ತಿರವಾಗುತ್ತವೆ. ಆಗ ಬಿಗುವು ಕಳೆದುಕೊಂಡ ಪಟ್ಟಿ, ಸಡಿಲವಾದ ಹಳೆಯ ಇಲಾಸ್ಟಿಕ್ಕಿನಂತೆ, ಒಳಕ್ಕೆ ಮಡಚಿಕೊಳ್ಳುತ್ತದೆ. ಮುಂದಿನಿಂದ ಉಬ್ಬಿದ ಡಿಸ್ಕ್, ಪಕ್ಕದಿಂದ ದಪ್ಪಗಾದ ಕೀಲುಗಳು, ಹಿಂದಿನಿಂದ ಈ ಪಟ್ಟಿ ಹೀಗೆ ಸುತ್ತಲಿಂದಲೂ ಒತ್ತಿದಾಗ ನಡುವಿನ ನರಗಳಿಗೆ ಜಾಗವೂ ಸಾಲದು, ರಕ್ತಸಂಚಾರವೂ ಸಾಲದು.

ನಿಮ್ಮ ತಾಯಿಯವರು ಕುಳಿತ ಕೂಡಲೇ ಸುಧಾರಿಸಿಕೊಳ್ಳುವುದಕ್ಕೆ ಕಾರಣ ಇಲ್ಲೇ ಇದೆ. ನಿಂತಾಗ ಸೊಂಟ ಹಿಂದಕ್ಕೆ ಬಾಗಿ ಪಟ್ಟಿ ನಾಳದೊಳಕ್ಕೆ ನುಗ್ಗುತ್ತದೆ. ಮುಂದಕ್ಕೆ ಬಾಗಿದಾಗ ಅದು ಹಿಗ್ಗಿ ತೆಳುವಾಗಿ ನಾಳ ಅಗಲವಾಗುತ್ತದೆ. ಹಾಗಾಗಿ ಇಂಥವರು ಗ್ಯಾಸ್ ಕಟ್ಟೆಯ ಮುಂದೆ ನಿಂತು ಅಡುಗೆ ಮಾಡಲು ಕಷ್ಟಪಡುತ್ತಾರೆ, ಆದರೆ ಕುಳಿತು ತರಕಾರಿ ಹೆಚ್ಚುವಾಗ ಅಷ್ಟು ತೊಂದರೆಯಾಗುವುದಿಲ್ಲ. ಇಳಿಜಾರಿಗಿಂತ ಏರು ಸುಲಭವೆನಿಸುತ್ತದೆ. ನಡೆಯಲಾರದವರು ಸೈಕಲ್ ತುಳಿಯಬಲ್ಲರು. ಕಾಲಿನ ರಕ್ತನಾಳ ಕಟ್ಟಿಕೊಂಡವರಿಗೂ ನಡೆದಾಗ ಮೀನಖಂಡ ನೋಯುತ್ತದೆ, ಆದರೆ ಅವರಿಗೆ ಸುಮ್ಮನೆ ನಿಂತರೂ ನೋವು ಇಳಿಯುತ್ತದೆ, ಕುಳಿತುಕೊಳ್ಳಲೇಬೇಕೆಂದಿಲ್ಲ. ತಾಯಿಯವರಿಗೆ ಮಧುಮೇಹವಿದ್ದರೆ ಪಾದದ ನಾಡಿಬಡಿತವನ್ನು ವೈದ್ಯರು ಮುಟ್ಟಿ ನೋಡಿರುವರೇ ಎಂದು ಖಚಿತಪಡಿಸಿಕೊಳ್ಳಿ. ಎರಡೂ ತೊಂದರೆಗಳು ಒಬ್ಬರಲ್ಲೇ ಇರುವುದುಂಟು.

ಈಗ ನಿಮ್ಮ ಮುಖ್ಯ ಪ್ರಶ್ನೆ. ಆಪರೇಷನ್ ಬೇಕೋ ಬೇಡವೋ ಎಂಬುದನ್ನು ವರದಿಯ ಮಿಲಿಮೀಟರುಗಳು ತೀರ್ಮಾನಿಸಲಾರವು ಎಂದು ನಾನು ದೃಢವಾಗಿ ಹೇಳುತ್ತೇನೆ. 1990ರಲ್ಲಿ ಅಮೆರಿಕದಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಬೆನ್ನುನೋವನ್ನೇ ಕಾಣದವರ ಎಂಆರ್‌ಐ ತೆಗೆದಾಗ, 60 ವರ್ಷ ದಾಟಿದವರಲ್ಲಿ ಸುಮಾರು ಐವರಲ್ಲಿ ಒಬ್ಬರಿಗೆ ನಾಳ ಕಿರಿದಾಗಿತ್ತು. ಇನ್ನೊಂದು ಕಡೆ, ಎಂಆರ್‌ಐ ಮಾಡುವುದು ಮಲಗಿಸಿ. ಆ ಭಂಗಿಯಲ್ಲಿ ನಾಳ ತುಸು ತೆರೆದಿರುವುದರಿಂದ, ನಿಂತಾಗ ಆಗುವ ಒತ್ತಡವನ್ನು ಚಿತ್ರ ಕಡಿಮೆಯಾಗಿ ತೋರಿಸಬಹುದು. ತಾಯಿಯವರು ಎಷ್ಟು ದೂರ ನಡೆಯಬಲ್ಲರು, ಆ ದೂರ ತಿಂಗಳಿಂದ ತಿಂಗಳಿಗೆ ಕುಗ್ಗುತ್ತಿದೆಯೇ, ಪಾದದ ಬಲ ಕಡಿಮೆಯಾಗಿದೆಯೇ ಎಂಬುದನ್ನು ಬರೆದಿಟ್ಟುಕೊಂಡು ಇಬ್ಬರು ವೈದ್ಯರಿಗೂ ತೋರಿಸಿ.

ಈ ಕಾಯಿಲೆ ಬಹುತೇಕರಲ್ಲಿ ನಿಧಾನವಾಗಿ ಸಾಗುತ್ತದೆ. ಅನೇಕರಲ್ಲಿ ವರ್ಷಗಟ್ಟಲೆ ಇದ್ದಂತೆಯೇ ಇರುತ್ತದೆ. ಆದ್ದರಿಂದ ಬಲ ಕುಂದಿರದಿದ್ದರೆ ಮೊದಲು ಕೆಲವು ತಿಂಗಳು ಫಿಸಿಯೋಥೆರಪಿ, ಸೊಂಟವನ್ನು ಮುಂದಕ್ಕೆ ಬಾಗಿಸುವ ವ್ಯಾಯಾಮ, ಕುಳಿತು ತುಳಿಯುವ ವ್ಯಾಯಾಮದ ಸೈಕಲ್ ಮತ್ತು ಮಿತವಾದ ನೋವಿನ ಮಾತ್ರೆ ಪ್ರಯತ್ನಿಸುವುದು ನ್ಯಾಯವಾದ ದಾರಿ. ಬೆನ್ನಿಗೆ ಕೊಡುವ ಸ್ಟಿರಾಯ್ಡ್ ಇಂಜೆಕ್ಷನ್ ಬಗ್ಗೆ ಹೆಚ್ಚು ಆಸೆ ಇಟ್ಟುಕೊಳ್ಳಬೇಡಿ: 400 ರೋಗಿಗಳ ಮೇಲೆ ನಡೆದು 2014ರಲ್ಲಿ ಪ್ರಕಟವಾದ ಪರೀಕ್ಷೆಯಲ್ಲಿ, ಮರಗಟ್ಟಿಸುವ ಔಷಧಿಯೊಂದಿಗೆ ಸ್ಟಿರಾಯ್ಡ್ ಸೇರಿಸಿದ್ದರಿಂದ ಆರು ವಾರಗಳಲ್ಲಿ ಹೇಳಿಕೊಳ್ಳುವಂಥ ಹೆಚ್ಚಿನ ಲಾಭ ಕಾಣಲಿಲ್ಲ. ಇವೆಲ್ಲ ಫಲಿಸದೆ, ಮನೆಯ ಸುತ್ತ ನಡೆಯುವುದೂ ಕಷ್ಟವಾದಾಗ, ಕಮಾನಿನ ಭಾಗವನ್ನೂ ದಪ್ಪಗಾದ ಪಟ್ಟಿಯನ್ನೂ ತೆಗೆದು ನರಗಳಿಗೆ ಜಾಗ ಮಾಡಿಕೊಡುವ ಶಸ್ತ್ರಚಿಕಿತ್ಸೆ ನಿಜವಾಗಿಯೂ ಉಪಕಾರಿ. 68 ವರ್ಷ ಅದಕ್ಕೆ ಅಡ್ಡಿಯಲ್ಲ. ಸ್ಕ್ರೂ, ಸರಳು ಹಾಕಿ ಮೂಳೆಗಳನ್ನು ಬೆಸೆಯಬೇಕೆಂದರೆ ಮಾತ್ರ, ಮೂಳೆ ಜಾರಿದೆಯೇ, ಬೆಸುಗೆ ಏಕೆ ಬೇಕು ಎಂದು ಸಂಕೋಚವಿಲ್ಲದೆ ಕೇಳಿ.

ಮೂತ್ರ ಕಟ್ಟಿಕೊಂಡರೆ ಅಥವಾ ಹಿಡಿತ ತಪ್ಪಿದರೆ, ಗುದದ್ವಾರದ ಸುತ್ತ ಸ್ಪರ್ಶ ತಿಳಿಯದಂತಾದರೆ, ಪಾದ ದಿಢೀರನೆ ಸೋತರೆ ಕಾಯುವ ಮಾತೇ ಇಲ್ಲ. ಅದೇ ದಿನ ಆಸ್ಪತ್ರೆಗೆ ಕರೆದೊಯ್ಯಿರಿ.

ಪ್ರಶ್ನೆ: ನಮ್ಮ ತಂದೆಯವರಿಗೆ ಕುತ್ತಿಗೆಯ ಲಿಗಮೆಂಟ್ ಮೂಳೆಯಂತಾಗಿದೆ ಎಂದಿದ್ದಾರೆ. ಅಂಗಿಯ ಗುಂಡಿ ಹಾಕಲು ಕಷ್ಟ, ನಡೆಯುವಾಗ ತೂರಾಡುತ್ತಾರೆ. ನಮ್ಮೂರಿನಲ್ಲಿ ಕುಡಿಯುವುದು ಕೊಳವೆಬಾವಿಯ ನೀರು. ಸಂಬಂಧವಿದೆಯೇ?
— ಓದುಗರೊಬ್ಬರು, ಪಾವಗಡ

ಉತ್ತರ: ಇರಬಹುದು. ನಿಮ್ಮ ಭಾಗದ ಅಂತರ್ಜಲದಲ್ಲಿ ಫ್ಲೋರೈಡ್ ಹೆಚ್ಚಿರುವುದು ತಿಳಿದ ಸಂಗತಿ, ಮತ್ತು ವರ್ಷಾನುಗಟ್ಟಲೆ ಅಂಥ ನೀರು ಕುಡಿದವರಲ್ಲಿ ಬೆನ್ನಿನ ಲಿಗಮೆಂಟುಗಳು ಗಟ್ಟಿಯಾಗಿ ಮೂಳೆಯಾಗುವುದುಂಟು. ಆದರೆ ಫ್ಲೋರೈಡ್ ಇಲ್ಲದೆಯೂ ಇದು ಬರುತ್ತದೆ. ಜಪಾನಿನಲ್ಲಿ ಇದನ್ನು ಬಹಳ ಅಧ್ಯಯನ ಮಾಡಿದ್ದಾರೆ. ಸೊಂಟದ ಕೆಳಭಾಗದಲ್ಲಿ ಒತ್ತಡ ಬೀಳುವುದು ಬಿಡಿ ನರಗಳ ಮೇಲೆ, ಕುತ್ತಿಗೆಯಲ್ಲಿ ಬೆನ್ನುಹುರಿಯ ಮೇಲೆಯೇ; ಹುರಿಗೆ ಆದ ಹಾನಿ ಹಿಂದಿರುಗುವುದು ಕಷ್ಟ. ತಂದೆಯವರ ಲಕ್ಷಣಗಳು ಹುರಿ ಒತ್ತಿಕೊಂಡಿರುವುದನ್ನು ಸೂಚಿಸುತ್ತವೆ. ಇಲ್ಲಿ ಕಾದು ನೋಡುವ ಸಲಹೆಯನ್ನು ನಾನು ಕೊಡಲಾರೆ. ಈ ವಾರವೇ ನರಶಸ್ತ್ರಚಿಕಿತ್ಸಕರನ್ನು ಕಾಣಿರಿ. ಕುತ್ತಿಗೆ ತಿರುಗಿಸಿ ಲಟಿಕೆ ತೆಗೆಯುವವರ ಬಳಿಗೆ ಖಂಡಿತ ಕರೆದೊಯ್ಯಬೇಡಿ. ಜಾರಿ ಬೀಳದಂತೆ ನೋಡಿಕೊಳ್ಳಿ. ಜೊತೆಗೆ ನೀರನ್ನು ಪರೀಕ್ಷೆ ಮಾಡಿಸಿ. ಲೀಟರಿಗೆ 1 ಮಿಲಿಗ್ರಾಂ ಫ್ಲೋರೈಡ್ ಸ್ವೀಕಾರಾರ್ಹ ಮಿತಿ. ಬೇರೆ ಮೂಲವೇ ಇಲ್ಲದಿದ್ದರೆ 1.5 ಗರಿಷ್ಠ. ಕುದಿಸಿದರೆ ಫ್ಲೋರೈಡ್ ಹೋಗುವುದಿಲ್ಲ. ಶುದ್ಧೀಕರಣ ಘಟಕದ ನೀರನ್ನಾಗಲಿ ಶೇಖರಿಸಿದ ಮಳೆನೀರನ್ನಾಗಲಿ ಕುಡಿಯಲು ಮಾತ್ರವಲ್ಲ, ಅಡುಗೆಗೂ ಬಳಸಿ.